ನುಡಿ ಪ್ರಶ್ನೋತ್ತರ: ಎದುರಿಗೇ ಇರುವವನ ಬಗ್ಗೆ ಸಂದೇಹವೇಕೆ?

ಪ್ರಶ್ನೆ: ಆರು ತಿಂಗಳಿಂದ ಸ್ಪ್ಯಾನಿಷ್ ಕಲಿಯುತ್ತಿದ್ದೇನೆ. ಸಂದೇಹ, ಬಯಕೆ, ಕಲ್ಪನೆಗಳಿದ್ದಲ್ಲಿ ಸಬ್‌ಜಂಕ್ಟಿವ್ ಎಂಬ ಕ್ರಿಯಾರೂಪವನ್ನೂ ನಿಜಸಂಗತಿಯಾದರೆ ಸಾಮಾನ್ಯ ರೂಪವನ್ನೂ ಬಳಸಬೇಕೆಂದು ಪಾಠದಲ್ಲಿ ಹೇಳಿದರು. ಆದರೆ ‘ನೀನು ಇಲ್ಲಿರುವುದು ನನಗೆ ಸಂತೋಷ’ ಎನ್ನಲು ‘ಮೆ ಅಲೆಗ್ರೊ ದೆ ಕೆ ಎಸ್ತೆಸ್ ಅಕೀ’ ಎಂದು ಸಬ್‌ಜಂಕ್ಟಿವನ್ನೇ ಬಳಸುತ್ತಾರೆ. ಎದುರಿಗೇ ನಿಂತವನ ಬಗ್ಗೆ ಸಂದೇಹ ಎಲ್ಲಿಂದ ಬಂತು? ಕನ್ನಡದಲ್ಲಿ ‘ಬಂದಾನು’ ಎಂಬಂಥ ಸಂಭಾವನಾರ್ಥಕವೂ ಇದೂ ಒಂದೆಯೇ?
— ಓದುಗರೊಬ್ಬರು, ಶಿವಮೊಗ್ಗ

ಉತ್ತರ: ನಿಮ್ಮ ಆಕ್ಷೇಪ ಸರಿಯಾಗಿದೆ, ತಪ್ಪಿರುವುದು ಆ ಸೂತ್ರದಲ್ಲಿ. ಹೊಸಬರಿಗೆ ಅದು ಕೆಲವು ದಿನ ಊರುಗೋಲಾಗುತ್ತದೆ, ಆಮೇಲೆ ಎಡವಿಸುತ್ತದೆ. ಅಧೀನ ವಾಕ್ಯದಲ್ಲಿ, ಎಂದರೆ ಮುಖ್ಯ ವಾಕ್ಯದೊಳಗೆ ಸೇರಿಕೊಂಡ ಉಪವಾಕ್ಯದಲ್ಲಿ, ಇರುವ ಸಂಗತಿಯನ್ನು ಮಾತಾಡುವವನು ಹೀಗಿದೆ ಎಂದು ಸಾರುತ್ತಿದ್ದರೆ ಸ್ಪ್ಯಾನಿಷ್ ಸಾಮಾನ್ಯ ರೂಪವನ್ನು ಬಳಸುತ್ತದೆ. ಸಾರುವ ಉದ್ದೇಶವಿಲ್ಲದೆ ಬಯಸುವುದಕ್ಕೋ ಅಲ್ಲಗಳೆಯುವುದಕ್ಕೋ ಅದರ ಬಗ್ಗೆ ತನ್ನ ಭಾವನೆಯನ್ನು ಹೇಳುವುದಕ್ಕೋ ಆ ಸಂಗತಿಯನ್ನು ಎತ್ತಿಕೊಂಡಿದ್ದರೆ ಸಬ್‌ಜಂಕ್ಟಿವನ್ನು ಬಳಸುತ್ತದೆ. ನಿಮ್ಮ ವಾಕ್ಯದಲ್ಲಿ ಅವನು ಇಲ್ಲಿರುವುದು ಇಬ್ಬರಿಗೂ ಗೊತ್ತಿದೆ, ಹೊಸದಾಗಿ ಹೇಳುತ್ತಿರುವುದು ಸಂತೋಷವನ್ನು ಮಾತ್ರ. ಇದಕ್ಕೆ ವಿರುದ್ಧವಾಗಿ, ‘ನೀನು ಇಲ್ಲಿದ್ದೀಯೆ ಎಂದುಕೊಂಡಿದ್ದೇನೆ’ ಎನ್ನುವವನಿಗೆ ಪೂರ್ಣ ಖಾತ್ರಿಯಿಲ್ಲದಿದ್ದರೂ ಅವನು ‘ಕ್ರೆಯೊ ಕೆ ಎಸ್ತಾಸ್ ಅಕೀ’ ಎಂದು ಸಾಮಾನ್ಯ ರೂಪವನ್ನೇ ಬಳಸುತ್ತಾನೆ, ಏಕೆಂದರೆ ಅಳುಕುತ್ತಲಾದರೂ ಅವನು ಸಾರುತ್ತಿರುವುದು ಆ ಸಂಗತಿಯನ್ನೇ.

ಕನ್ನಡವೂ ಈ ಭೇದವನ್ನು ಬೇರೆ ದಾರಿಯಲ್ಲಿ ತೋರಿಸುತ್ತದೆ. ‘ನೀನು ಇಲ್ಲಿದ್ದೀಯೆ ಎಂದು ಕೇಳಿದೆ’ ಎನ್ನುವಾಗ ‘ಇದ್ದೀಯೆ’ ತನ್ನ ಪುರುಷಪ್ರತ್ಯಯದೊಡನೆ ಪೂರ್ಣ ಕ್ರಿಯಾಪದವಾಗಿ ನಿಲ್ಲುತ್ತದೆ. ‘ನೀನು ಇಲ್ಲಿರುವುದು ಸಂತೋಷ’ ಎಂದೊಡನೆ ಆ ಪ್ರತ್ಯಯ ಕಳಚಿ, ಕ್ರಿಯೆ ನಾಮಪದದ ವೇಷ ತೊಡುತ್ತದೆ. ಸ್ಪ್ಯಾನಿಷ್ ಕ್ರಿಯಾಪದದ ಅಂತ್ಯವನ್ನು ಬದಲಿಸುವ ಕಡೆ ನಾವು ಕ್ರಿಯಾಪದವನ್ನೇ ನಾಮವಾಗಿಸುತ್ತೇವೆ. ಬಯಕೆಯಾದರೆ ‘ಅವನು ಬರಲಿ’, ‘ಬರಬೇಕೆಂದು ಆಸೆ’ ಎಂಬ ರೂಪಗಳಿವೆ; ನಡೆಯದೆ ಹೋದದ್ದಕ್ಕೆ ‘ಬಂದಿದ್ದರೆ’ ಇದೆ.

ಕನ್ನಡ ಕೈಕೊಡುವ ಜಾಗವೂ ಒಂದಿದೆ. ‘ಇಂಗ್ಲಿಷ್ ಬಲ್ಲ ಗುಮಾಸ್ತನನ್ನು ಹುಡುಕುತ್ತಿದ್ದೇನೆ’ ಎಂಬ ವಾಕ್ಯಕ್ಕೆ ಎರಡು ಅರ್ಥಗಳಿವೆ: ಅಂಥ ಒಬ್ಬ ಗುಮಾಸ್ತ ನನಗೆ ಗೊತ್ತು, ಈಗ ಎಲ್ಲಿದ್ದಾನೋ ಕಾಣೆ, ಅಥವಾ ಅಂಥವನೊಬ್ಬ ಬೇಕು, ಇದ್ದಾನೋ ಇಲ್ಲವೋ ತಿಳಿಯದು. ಸ್ಪ್ಯಾನಿಷ್ ಮೊದಲನೆಯದಕ್ಕೆ ‘ಕೆ ಆಬ್ಲಾ’ ಎಂದೂ ಎರಡನೆಯದಕ್ಕೆ ‘ಕೆ ಆಬ್ಲೆ’ ಎಂದೂ ಒಂದೇ ಸ್ವರದಲ್ಲಿ ಬೇರ್ಪಡಿಸುತ್ತದೆ. ನಮ್ಮ ‘ಬಲ್ಲ’ ಎರಡಕ್ಕೂ ಒಗ್ಗುವುದರಿಂದ ‘ಯಾರನ್ನಾದರೂ’ ಎಂಬ ಮಾತನ್ನು ಸೇರಿಸಿ ಬಿಡಿಸಿ ಹೇಳಬೇಕಾಗುತ್ತದೆ.

ಇನ್ನು ನಿಮ್ಮ ಕೊನೆಯ ಪ್ರಶ್ನೆ. ‘ಬಂದಾನು’, ‘ಮಳೆ ಬಂದೀತು’, ಮರ ಹತ್ತಿದ ಮಗುವಿಗೆ ಹೇಳುವ ‘ಬಿದ್ದೀಯ, ಜೋಪಾನ’ ಮುಂತಾದ ಸಂಭಾವನಾರ್ಥಕ ರೂಪಗಳು ಸಾಮಾನ್ಯವಾಗಿ ಮುಖ್ಯ ವಾಕ್ಯದಲ್ಲಿ ಸ್ವತಂತ್ರವಾಗಿ ನಿಲ್ಲುತ್ತವೆ ಮತ್ತು ಸಾಧ್ಯತೆಯನ್ನಷ್ಟೇ ಹೇಳುತ್ತವೆ. ಸಬ್‌ಜಂಕ್ಟಿವ್ ಎಂಬ ಲ್ಯಾಟಿನ್ ಮೂಲದ ಹೆಸರಿಗೆ ‘ಕೆಳಗೆ ಜೋಡಿಸಿದ್ದು’ ಎಂಬ ಅರ್ಥವಿದ್ದು, ಅದರ ಮುಖ್ಯ ನೆಲೆ ಅಧೀನ ವಾಕ್ಯವೇ ಆಗಿದೆ. ಆದ್ದರಿಂದ ಎರಡನ್ನೂ ನೆಂಟರೆನ್ನಬಹುದು, ಒಂದೇ ಎನ್ನಲಾಗದು. ಗೆರೆ ಎಲ್ಲಿ ಬೀಳುತ್ತದೆ ಎಂಬುದಂತೂ ಒಡಹುಟ್ಟಿದ ಭಾಷೆಗಳಲ್ಲೂ ಒಂದೇ ಅಲ್ಲ. ‘ಅವನು ಬರುತ್ತಾನೆಂದು ಆಶಿಸುತ್ತೇನೆ’ ಎನ್ನಲು ಸ್ಪ್ಯಾನಿಷ್‌ಗೆ ಸಬ್‌ಜಂಕ್ಟಿವ್ ಬೇಕು, ಫ್ರೆಂಚ್‌ಗೆ ಸಾಮಾನ್ಯ ಭವಿಷ್ಯತ್ ರೂಪ ಸಾಕು. ‘ಎಂದು ನಂಬುತ್ತೇನೆ’ ಎಂಬುದರ ಜೊತೆಗೆ ಸ್ಪ್ಯಾನಿಷ್ ಸಾಮಾನ್ಯ ರೂಪವನ್ನು ಬಳಸಿದರೆ ಶಿಷ್ಟ ಇಟಾಲಿಯನ್ ಸಬ್‌ಜಂಕ್ಟಿವನ್ನು ಬಳಸುತ್ತದೆ. ಒಂದು ಭಾಷೆಯ ಪಟ್ಟಿಯನ್ನು ಇನ್ನೊಂದಕ್ಕೆ ಹೊರಿಸಬೇಡಿ.

ಪ್ರಶ್ನೆ: ಸಂಸ್ಕೃತದಲ್ಲೂ ಸಬ್‌ಜಂಕ್ಟಿವ್ ಇತ್ತೆಂದು ಕೇಳಿದ್ದೇನೆ. ಶಾಲೆಯಲ್ಲಿ ಕಲಿತ ಲಕಾರಗಳಲ್ಲಿ, ಎಂದರೆ ಕಾಲ, ವಿಧಿ, ಆಜ್ಞೆ ಮುಂತಾದವನ್ನು ತೋರಿಸುವ ಕ್ರಿಯಾರೂಪಗಳ ಗುಂಪುಗಳಲ್ಲಿ, ಅದು ಯಾವುದು?
— ಓದುಗರೊಬ್ಬರು, ಧಾರವಾಡ

ಉತ್ತರ: ಶಾಲೆಯ ಪಟ್ಟಿಯಲ್ಲಿ ಅದು ಸಿಗುವುದಿಲ್ಲ. ಅದರ ಹೆಸರು ಲೇಟ್. ಬಳಕೆ ವೇದಭಾಷೆಗೆ ಸೀಮಿತ. ಪಾಣಿನಿ ‘ಲಿಙರ್ಥೇ ಲೇಟ್’ (ಅಷ್ಟಾಧ್ಯಾಯೀ 3.4.7) ಎಂದು, ವಿಧಿಲಿಙ್ (‘ಮಾಡಬೇಕು’, ‘ಆಗಲಿ’ ಎಂಬಂಥ ಅರ್ಥದ ಲಕಾರ) ಹೇಳುವ ಅರ್ಥದಲ್ಲಿಯೇ ವೇದದಲ್ಲಿ ಇದೂ ಬರುತ್ತದೆಂದು ವಿಧಿಸುತ್ತಾನೆ. ಋಗ್ವೇದದ ಮೊದಲ ಸೂಕ್ತದ ಎರಡನೆಯ ಮಂತ್ರದಲ್ಲಿ, ಅಗ್ನಿಯು ದೇವತೆಗಳನ್ನು ಇಲ್ಲಿಗೆ ಕರೆತರಲಿ ಎಂಬ ಅರ್ಥದಲ್ಲಿ ಬರುವ ‘ವಕ್ಷತಿ’ ಇಂಥ ರೂಪ. ಮುಂದೆ ಲೌಕಿಕ ಸಂಸ್ಕೃತದಲ್ಲಿ ಲೇಟ್ ಮರೆಯಾಗಿ, ಅದರ ಕೆಲಸವನ್ನು ಲಿಙ್ ಮತ್ತು ಆಜ್ಞಾರ್ಥದ ಲೋಟ್ ಹಂಚಿಕೊಂಡವು. ಆದರೂ ನೀವು ಲೋಟ್ ಲಕಾರದ ಉತ್ತಮಪುರುಷವೆಂದು ಬಾಯಿಪಾಠ ಮಾಡಿರುವ ‘ಗಚ್ಛಾನಿ, ಗಚ್ಛಾವ, ಗಚ್ಛಾಮ’ ಎಂಬ ಮೂರೂ ಚಾರಿತ್ರಿಕವಾಗಿ ಆ ಹಳೆಯ ಲೇಟ್‌ನ ರೂಪಗಳೇ.