ಭಜ್ಜಿಗಿ ಹೊಲದಾಗಿನ ತಪ್ಪಲ ನಾವೇ ಕೀಳಬೇಕಂತೀವಿ, ವಿಷದ ಗಿಡ ಗುರ್ತು ಹಿಡಿಯೋ ಆ್ಯಪ್ ಯಾವ್ದು ಚಲೋ?

ಆಡು ತಿನ್ನೋ ತಪ್ಪಲ ನಾವೂ ತಿನ್ನಬಹುದಾ, ಕುದಿಸಿದ್ರ ವಿಷ ಹೋಗ್ತದಾ ಅಂತನೂ ಕೇಳೀರಿ. ಓದಿ ಎದಿ ಧಸಕ್ ಅಂತು ನೋಡ್ರಿ, ಯಾಕಂದ್ರ ಇದೇ ಲೆಕ್ಕಾ ಹಾಕ್ಕೊಂಡು ನಾನೂ ಎಳ್ಳಾಮಾಸಿ ಹಿಂದಿನ ದಿನ ಚೀಲ ಹಿಡ್ಕೊಂಡು ಹೊಲಕ್ಕ ಹೋಗಿದ್ದೆ.

ನಮ್ಮೂರು ಚಿಂಚೋಳಿ ಕಡಿ. ಹಬ್ಬದ ಭಜ್ಜಿಗಿ, ಅಂದ್ರ ಕಾಳು ತಪ್ಪಲ ಕಲಸಿ ಕುದಿಸೋ ಪಲ್ಯಕ್ಕ, ಅವ್ವ ಹಸಿ ಕಡ್ಲಿ, ತೊಗರಿಕಾಯಿ ಸುಲೀಲತ್ತಿದ್ಲು, ತಪ್ಪಲ ನಾ ತರ್ತೀನಿ ಅಂದೆ. ಬದುವಿನ ಗುಂಟ ರಾಜಗಿರಿ ಇತ್ತು, ಆದ್ರ ತಿಪ್ಪಿ ಬಾಜೂಕ ಇನ್ನೂ ಎಳೀದು ದಟ್ಟಗ ಕಾಣ್ತು. ಹೊತ್ತು ಮುಳುಗ್ಲತ್ತಿತ್ತು ಅಂತ ಕುಡಗೋಲಿಂದ ಹಿಡಿ ಹಿಡಿ ಕೊಯ್ದು ಚೀಲಕ್ಕ ತುಂಬಿದೆ. ತಪ್ಪು ಆಗಿದ್ದು ಇಲ್ಲೇ, ಇದನ್ನ ಬಿಡಿಸಿ ಹೇಳ್ತೀನಿ. ಕೈಲೆ ಒಂದೊಂದೇ ಕಿತ್ತಿದ್ರ ಪ್ರತಿ ಗಿಡ ಕಣ್ಣಿಗಿ ಬೀಳ್ತಿತ್ತು, ಕುಡಗೋಲು ಹಾಕಿದ್ರ ನಡುವ ಏನ್ ಅದ ಅಂತ ಗೊತ್ತೇ ಆಗಲ್ಲ. ಒಂದೇ ಚೀಲದಾಗ ಎಲ್ಲಾ ಕಲಸಿದ ಮ್ಯಾಲ ಎಲಿ ಬಾಡಿ ಎಲ್ಲಾ ಒಂದೇ ಥರ ಕಾಣ್ತಾವ, ಅವ್ವಗ ಲೈಟಿನ ಬೆಳಕಿನಾಗ ಹೆಂಗ್ ಗೊತ್ತಾಗ್ಬೇಕು? ರಾಜಗಿರಿ ನಡುವ ಮದಗುಣಕಿ ಎಳಿ ಸಸಿ ಇದ್ವು, ದತ್ತೂರಿ ಅಂತಾರಲ್ಲ ಅದೇ. ಬಿಳಿ ತುತ್ತೂರಿ ಹೂವು, ಮುಳ್ಳಿನ ಕಾಯಿ ಇದ್ರ ಸಣ್ಣ ಹುಡುಗ್ರೂ ಗುರ್ತು ಹಿಡೀತಾರ, ಸಸಿ ಇದ್ದಾಗ ಹೂವೂ ಇಲ್ಲ ಕಾಯೀನೂ ಇಲ್ಲ. ಎಲಿ ಬುಡ ನೋಡ್ಬೇಕು, ದೇಟಿನ ಒಂದು ಕಡಿ ಮ್ಯಾಲ, ಇನ್ನೊಂದು ಕಡಿ ಕೆಳಗ, ಓರಿ ಇರ್ತದ, ತಿಕ್ಕಿದ್ರ ಕೆಟ್ಟ ವಾಸನಿ ಬರ್ತದ. ಎರಡೂ ನೋಡ್ಲಿಲ್ಲ ನಾನು.

ಕಾಕಾಗ ಮುಂಜಾನಿ ಬಸ್ ಡ್ಯೂಟಿ ಇತ್ತು, ಅದಕ್ಕ ಅವ್ವ ನೈವೇದ್ಯಕ್ಕ ತಗದಿಟ್ಟು ರಾತ್ರಿನೇ ಸಜ್ಜಿ ರೊಟ್ಟಿ ಭಜ್ಜಿ ಬಡಿಸಿದ್ಲು. ತಾಸಿನೊಳಗ ಕಾಕಾನ ಬಾಯಿ ಒಣಗ್ತು, ಎಷ್ಟು ನೀರು ಕುಡದ್ರೂ ಅಷ್ಟೇ. ಮಾರಿ ಕೆಂಪಗಾಯ್ತು, ಕಣ್‌ಪಾಪಿ ಅಗಲಾಗಿ ಮೊಬೈಲ್ ಅಕ್ಷರ ಕಾಣ್ಸವಲ್ವು ಅಂದ. ಆಮ್ಯಾಲ ಗಾಳಿಯೊಳಗ ಏನೋ ಹಿಡಿಲಿಕ್ಕ ಕೈ ಆಡಿಸ್ಕೋತ, ಸತ್ತ ಮುತ್ಯಾನ ಸಂಗಟ ಮಾತಾಡ್ಲತ್ತಿದ್ದ. ಮಂದಿ ಗಾಳಿ ಸೋಕ್ಯದ ಅಂದ್ರು, ತಾಯತ ಕಟ್ಟೋರಿಗಿ ಕರೀಲಿಕ್ಕ ಹ್ವಾದ್ರು, ಹೊತ್ತು ಅಲ್ಲೇ ಹೋಯ್ತು. ದವಾಖಾನ್ಯಾಗ ಡಾಕ್ಟರು ಕಣ್ಣು ನೋಡಿದ ಕೂಡ್ಲೆ ಏನ್ ತಿಂದಾರ ಅಂತ ಕೇಳಿದ್ರು. ಭಜ್ಜಿ ಅಂದ್ವಿ, ಯಾವ ತಪ್ಪಲ ಅಂದ್ರ ಬಾಯಿ ಕಟ್ಟಿದಂಗಾಯ್ತು. ತಮ್ಮ ಗಾಡಿ ಮ್ಯಾಲ ಹೋಗಿ ಉಳಿದ ತಪ್ಪಲ ತಂದ ಮ್ಯಾಲೇ ಖಾತ್ರಿ ಆಯ್ತು. ಮೂತ್ರ ಕಟ್ಟಿತ್ತು, ನಳಿಗಿ ಹಾಕಿ ತಗದ್ರು. ಕಾಕಾ ಉಳಿದ, ಆದ್ರ ಸರಿಯಾಗಿ ನಮ್ ಗುರ್ತು ಹಿಡಿಲಿಕ್ಕ ಮರುದಿನ ಸಂಜಿ ಆಯ್ತು.

ಅದಕ್ಕ ಆ್ಯಪ್ ಯಾವ್ದು ಅನ್ನೋ ನಿಮ್ ಪ್ರಶ್ನಿನೇ ನನಗ ಒಪ್ಪಿಗಿ ಇಲ್ರಿ. ಕಲಸಿದ ಎಳಿ ತಪ್ಪಲದ ಫೋಟೋ ನೋಡಿ ಆ್ಯಪ್ ಏನೇ ಹೇಳ್ಲಿ, ಅದನ್ನ ನಂಬಿ ಮನಿ ಮಂದಿಗಿ ಉಣ್ಣಸಬ್ಯಾಡ್ರಿ. ಕುದಿಸಿದ್ರ ಮದಗುಣಕಿ ವಿಷ ಹೋಗಲ್ಲ, ನಮ್ ಭಜ್ಜಿ ಕುದಿಲಾರ್ದೇ ಇತ್ತೇನು? ಆಡು ಎಕ್ಕಿ ತಪ್ಪಲಾನೂ ಮೇಯ್ತದ, ನೀವು ತಿಂತೀರಾ? ರುಚಿ ನೋಡಿ ಹೇಳ್ತೀನಿ ಅನ್ನೋರೂ ಅದಾರ, ಬೇಲಿಗಿ ಹಚ್ಚೋ ಕಾಡು ಹರಳಿನ ಬೀಜ ಶೇಂಗಾದಂಗ ರುಚಿ ಇರ್ತದ ಅಂತನೇ ಸಾಲಿ ಹುಡುಗ್ರು ತಿಂದು ವಾಂತಿ ಭೇದಿ ಆಗಿ ದವಾಖಾನಿ ಸೇರ್ತಾರ. ಕಣಗಿಲ ಅಂತೂ ಸೀದಾ ಗುಂಡಿಗಿ ಹಿಡೀತದ.

ಯಾರರೆ ತಿಂದೇ ಬಿಟ್ರ ಉಪ್ಪುನೀರು ಕುಡಿಸಿ ವಾಂತಿ ಮಾಡಿಸಬ್ಯಾಡ್ರಿ, 108ಕ್ಕ ಫೋನ್ ಹಚ್ರಿ, ಉಳಿದ ತಪ್ಪಲ, ಬೀಜ, ಕಾಯಿ ಏನ್ ಸಿಗ್ತದ ಅದನ್ನ ಸಂಗಟ ಒಯ್ಯಿರಿ. ದಿಲ್ಲಿ ಏಮ್ಸ್‌ನಾಗ ವಿಷದ ಮಾಹಿತಿ ಕೊಡೋ ಕೇಂದ್ರ ಅದ, 24 ತಾಸೂ ನಡೀತದ, 1800 116 117.

ಕಲೀಬೇಕಂದ್ರ ವಿಷದ್ದು ಕಲೀಲಿಕ್ಕ ಹೋಗಬ್ಯಾಡ್ರಿ, ಅದಕ್ಕ ಕೊನಿ ಇಲ್ಲ. ತಿನ್ನೋ ತಪ್ಪಲ ಎರಡ್ಮೂರು ಕಲೀರಿ, ಹತ್ತರಕಿ, ಗೋಳಿ, ರಾಜಗಿರಿ, ಅಷ್ಟಾದ್ರ ಸಾಕು, ಅದೂ ನಿಮ್ಮೂರಾಗ ಕೀಳೋ ಆಯಿ ಬೆನ್ನ ಹತ್ತಿ ಹೋಗಿ. ಈ ಸಲದ ಭಜ್ಜಿಗಿ ಮೆಂತ್ಯಾ, ಪುಂಡಿ ಸಂತ್ಯಾಗಿಂದ ತರ್ರಿ, ಹೊಲದ ತಪ್ಪಲ ಮುಂದಿನ ಮಳಿಗಾಲಕ್ಕ ನೋಡ್ಕೋಬಹುದು.