ಇಲ್ಲದ ಊರಿನ ನಕ್ಷೆ

ಮಾನ್ಯರೇ,

ಆದರ್ಶ ಸಮಾಜಗಳ ಕುರಿತು ಕಳೆದ ಸಂಚಿಕೆಯಲ್ಲಿ ಬಂದ ಲೇಖನವನ್ನು ಓದಿ, ಇಂಥ ಕನಸುಗಳು ಒಂದೋ ಕುಸಿಯುತ್ತವೆ ಇಲ್ಲವೇ ಸೆರೆಮನೆಗಳಾಗುತ್ತವೆ, ಹೀಗಿದ್ದೂ ಬಿಡುವಿದ್ದವರು ಈ ಕಾಲಹರಣವನ್ನು ಏಕೆ ಬಿಡುವುದಿಲ್ಲ ಎಂದು ತಾವು ಕೇಳಿದ್ದೀರಿ.

ಕುಸಿಯುವ ಮಾತು ನಿಜ. ಬ್ರಿಟನ್ನಿನ ಗಿರಣಿ ಮಾಲೀಕ, ಸಮಾಜ ಸುಧಾರಕ ರಾಬರ್ಟ್ ಓವೆನ್ 1825ರಲ್ಲಿ ಅಮೆರಿಕದ ಇಂಡಿಯಾನಾದಲ್ಲಿ ಒಂದು ಊರನ್ನೇ ಕೊಂಡು, 'ನ್ಯೂ ಹಾರ್ಮನಿ' ಎಂಬ ಹೆಸರಿನಲ್ಲಿ ಸಮಾನತೆಯ ಸಮುದಾಯವೊಂದನ್ನು ಕಟ್ಟಹೊರಟರು. ಕಸುಬು ಬಲ್ಲವರ ಕೊರತೆಯಿದ್ದು ಮಾತು ಬಲ್ಲವರು ಧಾರಾಳವಾಗಿದ್ದ ಆ ಪ್ರಯೋಗ 1827ರಲ್ಲೇ ಮುಗಿಯಿತು. (ಸಂಪಾದಕನಾಗಿ ಇದನ್ನು ಬರೆಯುವಾಗ ನನಗೂ ತುಸು ಮುಜುಗರವೇ.)

ಸೆರೆಮನೆಯ ಮಾತೂ ಪೂರ್ತಿ ಸುಳ್ಳಲ್ಲ. ಇಂಗ್ಲೆಂಡಿನ ಲೇಖಕ ಥಾಮಸ್ ಮೋರ್ 1516ರಲ್ಲಿ ಪ್ರಕಟಿಸಿದ 'ಯುಟೋಪಿಯಾ' ಎಂಬ ಪುಸ್ತಕದ ಹೆಸರಿಗೆ ಗ್ರೀಕ್ ಮೂಲದಲ್ಲಿ 'ಎಲ್ಲೂ ಇಲ್ಲದ ಜಾಗ' ಎಂದು ಅರ್ಥ. ಅದರಲ್ಲಿ ಬರುವ ಕಲ್ಪನೆಯ ದ್ವೀಪದಲ್ಲಿ ದಿನಕ್ಕೆ ಆರು ಗಂಟೆ ದುಡಿದರೆ ಸಾಕು, ಮನೆಗಳಿಗೆ ಬೀಗವಿಲ್ಲ, ಚಿನ್ನವನ್ನು ಮಲಮೂತ್ರದ ಪಾತ್ರೆಗೂ ಗುಲಾಮರ ಸಂಕೋಲೆಗೂ ಬಳಸುತ್ತಾರೆ. ಗುಲಾಮರು ಇದ್ದಾರೆ ಎಂಬುದನ್ನು ಗಮನಿಸಿ. ಅಪ್ಪಣೆ ಚೀಟಿಯಿಲ್ಲದೆ ತನ್ನ ಸೀಮೆ ದಾಟಿದವನಿಗೆ ಶಿಕ್ಷೆ. ಎರಡನೆಯ ಬಾರಿ ಸಿಕ್ಕಿಬಿದ್ದರೆ ಅವನೂ ಗುಲಾಮ. ಆಗ ಲಂಡನ್ ನಗರದ ನ್ಯಾಯಾಡಳಿತದಲ್ಲಿ ಅಧಿಕಾರಿಯಾಗಿದ್ದ ಮೋರ್, ಕುರಿ ಮೇಯಿಸಲೆಂದು ಹೊಲಗಳಿಗೆ ಬೇಲಿ ಹಾಕಿ ರೈತರನ್ನು ಓಡಿಸುತ್ತಿದ್ದ, ಹೀಗೆ ನೆಲೆ ಕಳೆದುಕೊಂಡು ಕಳ್ಳರಾದವರನ್ನು ಗಲ್ಲಿಗೇರಿಸುತ್ತಿದ್ದ ಇಂಗ್ಲೆಂಡನ್ನು ಅದೇ ಪುಸ್ತಕದಲ್ಲಿ ಕಟುವಾಗಿ ಟೀಕಿಸಿದ್ದಾನೆ. ಆದರೂ ಅವನ ಕನಸಿನಲ್ಲಿ ಅಧಿಕಾರಿಯ ಕಣ್ಣು ಮುಚ್ಚಲಿಲ್ಲ.

ಆದರೆ ಎಲ್ಲ ಕನಸುಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದೆಂದು ನನ್ನ ವಿನಂತಿ. ಕಾಶಿಯ ಸಂತ ರವಿದಾಸರ ಪದವೊಂದು ಸಿಖ್ಖರ ಗುರು ಗ್ರಂಥ ಸಾಹಿಬ್‌ನಲ್ಲಿದೆ. ಅದರಲ್ಲಿ ಬರುವ ಊರು 'ಬೇಗಂಪುರ', ಅಂದರೆ ದುಃಖವಿಲ್ಲದ ಪಟ್ಟಣ. ಅಲ್ಲಿ ಕಂದಾಯದ ಚಿಂತೆಯಿಲ್ಲ, ಎರಡನೆಯವರು ಮೂರನೆಯವರು ಎಂಬ ದರ್ಜೆಯಿಲ್ಲ. ಜನ ಮನ ಬಂದಲ್ಲಿ ತಿರುಗಾಡುತ್ತಾರೆ, ಅರಮನೆಯ ಬಳಿಯೂ ಅವರನ್ನು ತಡೆಯುವವರಿಲ್ಲ. ಮೋರ್‌ನ ದ್ವೀಪದಲ್ಲಿ ಚೀಟಿ ಕೇಳುವ ತಿರುಗಾಟವೇ ಇಲ್ಲಿ ಊರಿನ ಲಕ್ಷಣವಾಗಿದೆ. ಯಾವ ಬೀದಿಯಲ್ಲಿ ನಡೆಯಬಹುದು, ಯಾವ ಬೀದಿಯಲ್ಲಿ ಕೂಡದು ಎಂಬುದನ್ನು ಹುಟ್ಟೇ ತೀರ್ಮಾನಿಸುತ್ತಿದ್ದ ಸಮಾಜದಲ್ಲಿ, ಪದದ ಅಂಕಿತದಲ್ಲಿ ತಮ್ಮನ್ನು ಚರ್ಮದ ಕಸುಬಿನ ಜಾತಿಯ ಚಮಾರನೆಂದೇ ಕರೆದುಕೊಳ್ಳುವವರು ಬೇರೆ ಯಾವ ಸುಖವನ್ನು ಮೊದಲು ಬಯಸಿಯಾರು? ಈ ನಗರಕ್ಕೆ ರಾಜನ್ಯಾರು, ದುಡಿಮೆಯ ವೇಳಾಪಟ್ಟಿ ಹೇಗೆ ಎಂಬುದನ್ನು ಅವರು ಹೇಳುವುದಿಲ್ಲ. ನಮ್ಮ ಊರಿನವನಾದವನು ನಮ್ಮ ಗೆಳೆಯ ಎಂದಷ್ಟೇ ಹೇಳಿ ಪದವನ್ನು ಮುಗಿಸುತ್ತಾರೆ.

ಮೋರ್‌ನ ಮೇಲೆ ತಾವು ಹೊರಿಸುವ ಆರೋಪವನ್ನು ಬಹುಮಟ್ಟಿಗೆ ಒಪ್ಪುತ್ತೇನೆ. ಚರ್ಮದ ಕಸುಬಿನ ನಡುವೆ ಕಟ್ಟಿದ ಪದವನ್ನೂ ಬಿಡುವಿದ್ದವರ ಕಾಲಹರಣವೆಂದರೆ ಒಪ್ಪಲಾರೆ.

- ಸಂಪಾದಕ