ದನಿಯನ್ನೇ ನಂಬಿ ಮುಂಬೈಯಲ್ಲಿ ಬದುಕಬಹುದಾ?

ನಮಸ್ಕಾರ ಮೇಡಂ. ಡೊಂಬಿವಲಿಯ ಕನ್ನಡ ಕಾರ್ಯಕ್ರಮಗಳಲ್ಲಿ ನಿರೂಪಣೆ ಮಾಡುತ್ತೇನೆ, ಬ್ಯಾಂಕ್ ಕೆಲಸ ಬಿಟ್ಟು ರೇಡಿಯೋ, ಟಿವಿಗೆ ದನಿ ಕೊಡಲು ಇಳಿಯಲಾ ಅಂತ ಕೇಳಿದ್ದೀರಿ. ಸದ್ಯಕ್ಕೆ ಕೆಲಸ ಬಿಡಬೇಡಿ.

ಆಕಾಶವಾಣಿಯಲ್ಲಿ ಕ್ಯಾಷುಯಲ್ ಅನೌನ್ಸರ್ ಆದರೆ ತಿಂಗಳ ಸಂಬಳ ಇರುವುದಿಲ್ಲ, ಮಾಡಿದ ಡ್ಯೂಟಿಗಷ್ಟೇ ದುಡ್ಡು. ಅಂಧೇರಿ ಕಡೆಯ ಸ್ಟುಡಿಯೋಗಳಿಗೆ ಜಾಹೀರಾತು, ಸಾಕ್ಷ್ಯಚಿತ್ರಕ್ಕೆ ಕನ್ನಡ ದನಿ ಬೇಕಾಗುತ್ತದೆ. ಆದರೆ ಒಂದು ವಾರ ಫೋನ್ ಮೇಲೆ ಫೋನ್, ಆಮೇಲೆ ತಿಂಗಳುಗಟ್ಟಲೆ ಸುದ್ದಿಯೇ ಇಲ್ಲ.

ವೇದಿಕೆಯ ದನಿ ಸ್ಟುಡಿಯೋಗೆ ಜಾಸ್ತಿಯಾಗುತ್ತದೆ. ಅಲ್ಲಿ ಮೈಕು ಒಂದು ಗೇಣು ದೂರದಲ್ಲಿರುತ್ತದೆ. ‘ಪ’, ‘ಬ’ ಬಂದಾಗ ಉಸಿರು ನೇರ ಬಡಿದರೆ ಫಟ್ ಅನ್ನುತ್ತದೆ, ಬಾಯಿ ಸ್ವಲ್ಪ ಓರೆ ಇಟ್ಟುಕೊಳ್ಳಿ. ಉಸಿರೆಳೆಯುವ ಜಾಗಕ್ಕೆ ಪೆನ್ಸಿಲ್ ಗೀಟು ಹಾಕಿ. ‘ಹಾದಿ’ ‘ಆದಿ’ಯಾದರೆ ಇನ್ನೊಂದು ಟೇಕ್, ಬಿಡುವುದಿಲ್ಲ!

ಹೆಸರಾಂತ ರೇಡಿಯೋ ನಿರೂಪಕ ಅಮೀನ್ ಸಯಾನಿ ಮುಂಬೈಯವರೇ ಅಲ್ವಾ. 1952ರಲ್ಲಿ ಶುರುವಾದ, ಅವರು ನಡೆಸಿಕೊಡುತ್ತಿದ್ದ ಹಿಂದಿ ಸಿನಿಮಾ ಹಾಡುಗಳ ಕಾರ್ಯಕ್ರಮ ಬಿನಾಕಾ ಗೀತ್‌ಮಾಲಾ ಶ್ರೀಲಂಕಾದ ರೇಡಿಯೋ ಸಿಲೋನ್‌ನಿಂದ ಬರುತ್ತಿತ್ತು. ಆದರೆ ರೆಕಾರ್ಡಿಂಗ್ ಇಲ್ಲೇ, ಟೇಪು ಕೊಲಂಬೋಗೆ ಹೋಗುತ್ತಿತ್ತು. ಅಂಥವರೂ ಸಾವಿರಾರು ಜಾಹೀರಾತಿಗೆ ದನಿ ಕೊಟ್ಟರು. ಹಾಗಾಗಿ ಸೋಪು, ಟೂತ್‌ಪೇಸ್ಟ್ ಅಂತ ಮೂಗು ಮುರಿಯಬೇಡಿ.

ಮೊದಲು ಒಂದು ನಿಮಿಷದ ಸ್ಯಾಂಪಲ್ ಮಾಡಿ. ಅರ್ಧ ಸುದ್ದಿ, ಅರ್ಧ ಜಾಹೀರಾತು. ಬಟ್ಟೆ ತುಂಬಿದ ಕಪಾಟು ತೆರೆದು ಅದರೆದುರು ಮೊಬೈಲಲ್ಲೇ ರೆಕಾರ್ಡ್ ಮಾಡಿ, ಗೋಡೆಯ ಎಕೋ ಕಮ್ಮಿಯಾಗುತ್ತದೆ. ಹಿನ್ನೆಲೆ ಸಂಗೀತ ಬೇಡ, ಅವರಿಗೆ ಬರಿ ದನಿ ಕೇಳಬೇಕು. ಆಡಿಷನ್‌ಗೆ ಮೊದಲು ದುಡ್ಡು ಕಟ್ಟಿ ಅಂದರೆ ಸುಮ್ನೆ ಫೋನ್ ಇಟ್ಟುಬಿಡಿ.